ಡಬ್ಬಿಯ ಅಳತೆ

ಎರಡು ತಿಂಗಳಲ್ಲಿ ಎರಡು ಏರ್ ಫಿಲ್ಟರ್ ಬದಲಿಸಿದರೂ ಭುವನೇಶ್ವರಿಯ ವ್ಯಾನು ಗೊಳಸಂಗಿಯ ಏರಿನಲ್ಲಿ ಮುಗ್ಗರಿಸುವುದನ್ನು ಬಿಟ್ಟಿರಲಿಲ್ಲ. ತಾನು ಹೊಲಿದ ಶಾಲಾ ಸಮವಸ್ತ್ರಗಳನ್ನು ಮುದ್ದೇಬಿಹಾಳದವರೆಗೆ ಮುಟ್ಟಿಸಲು ಅವಳಿಗಿದ್ದದ್ದು ಅದೊಂದೇ. ತಮ್ಮ ಕಾಂತು ಅವಳನ್ನು ಕೇಳದೆಯೇ ಗಿರಾಕಿ ಹುಡುಕಿಬಿಟ್ಟಿದ್ದ.

"ನಾಳೆ ಸಂಜಿಗೆ ಬರ್ತಾರ. ಎಂಜಿನ್ ಹೋಗೇತಿ ಅಕ್ಕಾ. ಹೆಣಕ್ಕ ಎಷ್ಟ ದಿನಾ ಸಿಂಗಾರ ಮಾಡ್ತಿ?"

"ಹೆಣಾ ಕೆಮ್ಮೂದಿಲ್ಲೋ. ಇದು ಕೆಮ್ಮಾಕತ್ತೈತಿ."

ಅವಳು ಸೀಟು ಎತ್ತಿ, ಫಿಲ್ಟರಿನ ಡಬ್ಬಿ ಬಿಚ್ಚಿ, ಎಂಜಿನ್ನಿಗೆ ಹೋಗುವ ಕೊಳವೆಯೊಳಗೆ ಬಿಳಿ ಬಟ್ಟೆಯ ಚೂರು ತೂರಿಸಿ ಒರೆಸಿದಳು. ಸೋಸಿದ ಗಾಳಿಯಷ್ಟೇ ಹಾಯಬೇಕಾದ ಜಾಗ. ಬಟ್ಟೆ ಎರೆಮಣ್ಣಿನ ಬಣ್ಣಕ್ಕೆ ತಿರುಗಿತು.

ಫಿಲ್ಟರ್ ಹೊಸದು. ಹಾಗಾದರೆ ಧೂಳು ನುಗ್ಗಿದ್ದೆಲ್ಲಿಂದ?

ಎರಡೂ ಸಲ ಹಳೆಯ ಫಿಲ್ಟರನ್ನೇ ಅಂಗಡಿಗೆ ಒಯ್ದು, ಇಂಥಾದ್ದೇ ಕೊಡ್ರಿ ಎಂದು ತಂದದ್ದು ನೆನಪಾಗಿ ಅವಳಿಗೆ ತನ್ನ ಮೇಲೇ ಸಿಟ್ಟು ಬಂತು. ಅಳತೆಗೆಂದು ಹಳೆಯ ಕುಪ್ಪಸ ತರುವ ಹೆಂಗಸರಿಗೆ ಹದಿನೈದು ವರ್ಷದಿಂದ ಒಂದೇ ಮಾತು ಹೇಳುತ್ತ ಬಂದವಳು ಅವಳು: ಆ ಕುಪ್ಪಸಾನ ತಪ್ಪಿದ್ರ ನಾನೂ ತಪ್ಪೇ ಹೊಲೀತೇನಿ, ಮೈ ಅಳತಿ ಕೊಡ್ರಿ.

ಕೊರಳಲ್ಲಿದ್ದ ಟೇಪು ಡಬ್ಬಿಗಿಳಿಯಿತು. ಉದ್ದ ಸರಿ. ಅಗಲದಲ್ಲಿ ಫಿಲ್ಟರ್ ಅರ್ಧ ಬೆರಳು ಕಡಿಮೆ. ಅವಳಿಗೆ ಈ ಹಳೆಯ ವ್ಯಾನು ಮಾರಿದವನು ಸಿಕ್ಕಿದ್ದನ್ನು ತುರುಕಿದ್ದ; ಇವಳು ಅದೇ ತಪ್ಪನ್ನು ಎರಡು ಸಲ ಕೊಂಡಿದ್ದಳು.

ಬಾಗೇವಾಡಿಯ ಬಿಡಿಭಾಗದ ಅಂಗಡಿಯಲ್ಲಿ ಸಲ್ಮಾನ ಎಂದಿನಂತೆ ಕೈ ಚಾಚಿದ. "ಹಳೇದು ತೋರಸ್ರಿ ಅಕ್ಕಾರ."

"ಹಳೇದು ಬ್ಯಾಡಪಾ. ಡಬ್ಬಿದು ಉದ್ದ, ಅಗಲ, ಆಳ ಬರಕೊಂಡ ಬಂದೇನಿ."

"ಒಂಚೂರು ಹೆಚ್ಚುಕಮ್ಮಿ ನಡೀತೈತ್ರಿ. ಸಂದಿಗೆ ಸ್ಪಂಜ್ ತುರುಕೂಣು."

"ನಿನ್ನ ಮದವಿ ಶೇರವಾನಿಗೂ ಸ್ಪಂಜ್ ತುರುಕಲೇನು?"

ಸಲ್ಮಾನ ನಕ್ಕು, ವ್ಯಾನು ಯಾವ ವರ್ಷದ್ದೆಂದು ಕೇಳಿ, ಏಣಿ ಹತ್ತಿದ. ಇಳಿಸಿದ ಒಂದೊಂದಕ್ಕೂ ಅವಳು ಟೇಪು ಹಿಡಿದಳು. ಮೂರನೆಯದು ಅಳತೆಗೆ ಸರಿಹೋಗಿ, ಅಂಗಡಿಯೆದುರು ನಿಂತಿದ್ದ ವ್ಯಾನಿನ ಡಬ್ಬಿಯಲ್ಲಿ ಕೂತಿತು. ರಬ್ಬರಿನ ಅಂಚು ನಾಲ್ಕೂ ಕಡೆ ಒತ್ತಿಕೊಂಡಿತ್ತು. ಉಗುರು ತೂರಿಸಿ ನೋಡಿದಳು, ತೂರಲಿಲ್ಲ. ಕೊಳವೆಯನ್ನೂ ಅಲ್ಲೇ ತೊಳೆಸಿದಳು.

ಮರುದಿನ ಮುದ್ದೇಬಿಹಾಳಕ್ಕೆ ಹೋಗಿಬಂದಳು. ಏರಿನಲ್ಲಿ ವ್ಯಾನು ಎರಡು ಸಲ ಕೆಮ್ಮಿತು, ನಿಲ್ಲಲಿಲ್ಲ. ಸಂಜೆ ಕಾಂತುವಿನೆದುರೇ ಕೊಳವೆಯನ್ನು ಮತ್ತೆ ಒರೆಸಿದಳು. ಬಟ್ಟೆ ಬಿಳಿಯಾಗಿಯೇ ಹೊರಬಂತು.

"ಇಷ್ಟಕ್ಕ ಎಂಜಿನ್ ನೆಟ್ಟಗಾತೇನು?"

"ಇಲ್ಲ. ಮಣ್ಣ ತಿನ್ನೂದು ನಿಂತೈತಿ. ಉಳಿದದ್ದು ನಾ ಮಾಡಸ್ತೇನಿ."

ಅಷ್ಟರಲ್ಲಿ ಕಾಂತುವಿಗೆ ಗಿರಾಕಿಯ ಫೋನು ಬಂತು. ಅವಳೇ ಎತ್ತಿದಳು.

"ಬರಬ್ಯಾಡ್ರಿ. ವ್ಯಾನ್ ನಾ ಕೊಡೂದಿಲ್ಲ."