ಮೂಲೆಯಿಲ್ಲದ ಬುರುಜು

ನಮ್ಮ ಕಡೆ ಬುರುಜು ಕಟ್ಟಿ ಮುಗಿಸಿದ ಮೇಸ್ತ್ರಿ ಅದರ ಬುಡದಲ್ಲಿ ತಾನೇ ಹೋಗಿ ನಿಲ್ಲಬೇಕು. ಕಿಂಡಿಗಳ ಹಿಂದಿನ ಬಿಲ್ಲುಗಾರರಿಗೆ ಅವನು ಕಂಡರೆ, ತುದಿಗೆ ಬಟ್ಟೆ ಸುತ್ತಿ ಸುಣ್ಣದಲ್ಲಿ ಅದ್ದಿದ ಬಾಣ ಬಿಡುತ್ತಾರೆ. ಮೇಸ್ತ್ರಿ ಬೆಳ್ಳಗಾದಷ್ಟೂ ಬುರುಜು ಚೆನ್ನಾಗಿದೆ ಎಂದರ್ಥ. ಅವನು ಸಾಕಷ್ಟು ಪೆಟ್ಟು ತಿಂದ ಮೇಲೆ ಬುರುಜಿಗೆ ತೀರ್ಥ ಚಿಮುಕಿಸುವುದು ಕೋಟೆಯ ಪಾದ್ರಿಯಾದ ನನ್ನ ಕೆಲಸ.

ಇಪ್ಪತ್ತಕ್ಕೂ ಹೆಚ್ಚು ವರ್ಷದ ಹಿಂದೆ ಮೇಸ್ತ್ರಿ ಆಂಕೆತಿಲ್ ಕಟ್ಟಿದ್ದು ಚೌಕದ ಬುರುಜು. ಅವನ ಹೆಂಡತಿ ಆಗತಾನೇ ತೀರಿಕೊಂಡಿದ್ದಳು. ಆರು ವರ್ಷದ ಮಗ ತುರೋಲ್ಡ್ ಅಪ್ಪನ ಅಂಗಿ ಬಿಡುತ್ತಿರಲಿಲ್ಲ. ಹಾಗಾಗಿ ಪರೀಕ್ಷೆಗೆ ಇಬ್ಬರೂ ನಿಂತರು. ಮೊದಲ ಬಾಣಕ್ಕೇ ಮಗು ಅತ್ತಿತು. ಅಪ್ಪ ಹೇಳಿಕೊಟ್ಟ:

"ಎಡಗೈ ಗೋಡೆಗಿಡೋ. ಹಾಗೇ ಸವರ್ಕೊಂಡು ನಡಿ. ಮೂಲೆ ಸಿಕ್ಕಿದ್ಮೇಲೆ ಯಾವನ ಬಾಣಾನೂ ನಿನ್ನ ಮುಟ್ಟಲ್ಲ."

ಮಗು ಹಾಗೇ ಮಾಡಿತು. ಮೂಲೆಯಲ್ಲಿ ನಿಂತವನು ನಿಜಕ್ಕೂ ಯಾವ ಕಿಂಡಿಗೂ ಕಾಣಲಿಲ್ಲ. ಮೇಲಿಂದ ನೋಡುತ್ತಿದ್ದ ನಮ್ಮ ಕೋಟೆಯ ದೊರೆಯ ಮುಖ ಹುಳ್ಳಗಾಯಿತು. "ಏನಯ್ಯಾ ಮೇಸ್ತ್ರಿ, ಕೋಟೆ ಕಟ್ಟಿದೀಯೋ, ವೈರಿಗೆ ಚಾವಡಿ ಕಟ್ಟಿದೀಯೋ?"

ಆ ಮಾತು ಆಂಕೆತಿಲ್‌ಗೆ ಇಪ್ಪತ್ತು ವರ್ಷ ಚುಚ್ಚಿತು. ಕೊನೆಗೆ ಹಳೆಯದನ್ನು ಕೆಡವಿ, ದುಂಡನೆಯ ಬುರುಜು ಎಬ್ಬಿಸಿದ. ಬುಡವನ್ನು ಇಳಿಜಾರು ಮಾಡಿದ. ಮೇಲಿಂದ ಬಿಟ್ಟ ಕಲ್ಲು ಅದಕ್ಕೆ ಬಡಿದು ವೈರಿಯ ಮೇಲೆ ಚಿಮ್ಮಬೇಕು. ಬುಡದ ಯಾವ ಜಾಗವಾದರೂ ಕನಿಷ್ಠ ಎರಡು ಕಿಂಡಿಗೆ ಕಾಣಬೇಕು. ಪರೀಕ್ಷೆ ಮುಗಿಸಿ ಮೇಲೆ ಬಂದವನನ್ನು ನೋಡಿ ಬಿಲ್ಲುಗಾರ ಓಸ್ಮಂಡ್ ನಕ್ಕ.

"ಏನ್ ಮಾವ, ಹಿಟ್ಟಿನ ಮೂಟೆಯೊಳಗೆ ಮಲಗಿದ್ಯಾ?"

"ನಿನ್ನ ಗುರಿ ಅಂದ್ಕೋಬೇಡ. ಈ ಕಿಂಡೀಲಿ ಕುರುಡನ್ನ ಕೂರಿಸಿದ್ರೂ ಹೊಡೀತಾನೆ."

ಇದನ್ನು ನೋಡಲು ತುರೋಲ್ಡ್ ಇರಲಿಲ್ಲ. ಎಪ್ತ್ ನದಿಯ ಆಚೆ ಮದುವೆಯಾಗಿ ಅಲ್ಲೇ ಕಲ್ಲುಕೆಲಸಕ್ಕಿದ್ದ. ಈಚೆ ದಡ ನಮ್ಮ ನಾರ್ಮಂಡಿ, ಆಚೆ ದಡ ಫ್ರಾನ್ಸಿನ ರಾಜನದು. ಮರುವರ್ಷ ಆ ರಾಜನ ಸೈನ್ಯ ನದಿ ದಾಟಿ ನಮ್ಮನ್ನು ಮುತ್ತಿತು. ಗೋಡೆ ಕಟ್ಟಬಲ್ಲವನಿಗೆ ಗೋಡೆ ಕೆಡವುವುದೂ ಗೊತ್ತಿರುತ್ತದೆಂದು ಆಚೆ ದಡದ ಕಲ್ಲುಕೆಲಸದವರನ್ನೆಲ್ಲ ಹಿಡಿದು ತಂದಿದ್ದರು. ಆಂಕೆತಿಲ್ ದಿನಾ ಬುರುಜಿನ ನೆತ್ತಿಯ ತೆನೆಗಲ್ಲುಗಳ ಸಂದಿನಿಂದ ಅವರ ಪಾಳೆಯದಲ್ಲಿ ಮಗನನ್ನು ಹುಡುಕುತ್ತಿದ್ದ.

"ಅಗೋ ಸ್ವಾಮಿ, ಅವನೇ. ನಡಿಗೆ ನೋಡಿ, ಥೇಟ್ ಅವರಮ್ಮಂದೇ."

ಒಂಬತ್ತನೆಯ ದಿನ ಹಸಿ ಚರ್ಮ ಹೊದಿಸಿದ ಗಾಡಿಯ ಮರೆಯಲ್ಲಿ ಅವರು ಬುಡ ಅಗೆಯಲು ಬಂದರು. ನಮ್ಮವರು ಬಂಡೆ ಬಿಟ್ಟರು. ಬಂಡೆ ಇಳಿಜಾರಿಗೆ ಬಡಿದು, ಮೇಸ್ತ್ರಿ ಎಣಿಸಿದ್ದಂತೆಯೇ ಚಿಮ್ಮಿ, ಗಾಡಿಯನ್ನು ಪುಡಿ ಮಾಡಿತು. ಮೇಲಿಂದ ಕಾದ ಎಣ್ಣೆ, ಬೆಂಕಿ, ಹೊಗೆ. ಅಗೆಯುವವರು ಕಂದಕದ ಕಡೆಗೆ ಓಡಿದರು. ಒಬ್ಬ ಮಾತ್ರ ಗೋಡೆಯ ಕಡೆಗೆ ಬಂದ. ಎಡಗೈಯನ್ನು ಕಲ್ಲಿಗಿಟ್ಟು, ಸವರಿಕೊಂಡು ನಡೆಯತೊಡಗಿದ.

ಬುರುಜು ದುಂಡಗಿದೆ ಎಂದು ಕಲ್ಲುಕೆಲಸದವನಿಗೆ ಗೊತ್ತಿರಲಿಲ್ಲವೇ? ಗೊತ್ತಿತ್ತು. ಆದರೆ ಆ ಹೊಗೆಯಲ್ಲಿ ನಡೆಯುತ್ತಿದ್ದವನಿಗೆ ಆರೇ ವರ್ಷ.

"ಮೂಲೆ ಇಲ್ಲ ಕಣೋ ಮಗನೇ, ಓಡೋ!" ಆಂಕೆತಿಲ್ ತೆನೆಗಲ್ಲುಗಳ ಸಂದಿನಿಂದ ಅರ್ಧ ಹೊರಗೆ ಬಾಗಿ ಕೂಗಿದ. ಆ ಗದ್ದಲದಲ್ಲಿ ಪಕ್ಕದಲ್ಲಿದ್ದ ನನಗೇ ಸರಿಯಾಗಿ ಕೇಳಿಸಲಿಲ್ಲ. ತುರೋಲ್ಡ್ ಏಳೋ ಎಂಟೋ ಹೆಜ್ಜೆ ನಡೆದ. ಮೂರು ಕಿಂಡಿಗಳಿಂದ ಬಾಣ ಬಂದವು.

ಚಳಿ ಶುರುವಾದಾಗ ವೈರಿಗಳು ಮುತ್ತಿಗೆ ತೆಗೆದು ಹಿಂತಿರುಗಿದರು. ಆಂಕೆತಿಲ್ ಬುಡದ ಒಡೆದ ಕಲ್ಲುಗಳನ್ನು ಬದಲಿಸಿದ. ರಿಪೇರಿಯಾದರೂ ಪರೀಕ್ಷೆ ತಪ್ಪುವಂತಿಲ್ಲ; ಹೋಗಿ ನಿಂತ. ನಾನು ತೀರ್ಥದ ಬಟ್ಟಲು ಹಿಡಿದು ಓಸ್ಮಂಡನ ಕಿಂಡಿಯ ಬಳಿ ಇದ್ದೆ. ಆ ದಿನ ಯಾರೂ ಬಿಲ್ಲು ಎತ್ತಲಿಲ್ಲ.

"ಕಾಣ್ತಿದೀಯ ಮಾವ. ಸಾಕು, ಮೇಲೆ ಬಾ."

ಮುದುಕ ಎಡಗೈ ಗೋಡೆಗಿಟ್ಟು ಒಂದು ಹೆಜ್ಜೆ ಸರಿದ. "ಇಲ್ಲಿ?"

"ಕಾಣ್ತೀಯ."

"ಇಲ್ಲಿ?"

"ಕಾಣ್ತೀಯ ಮಾವ."

ಹೀಗೇ ಸರಿಯುತ್ತಾ, ಕೇಳುತ್ತಾ, ಮಗ ಬಿದ್ದ ಜಾಗ ದಾಟಿ ನಾಲ್ಕು ಹೆಜ್ಜೆ ಹೋದ. ಅಲ್ಲಿ ನಿಂತ.

"ಇಲ್ಲಿ ನೋಡೋ, ಓಸ್ಮಂಡ್. ಸರಿಯಾಗಿ ನೋಡಿ ಹೇಳು."

ಓಸ್ಮಂಡ್ ನನ್ನ ಮುಖ ನೋಡಿದ. ನಾನು ಬಟ್ಟಲೊಳಗೆ ನೋಡಿದೆ.

"ಅಲ್ಲಿ ಕಾಣಲ್ಲ ಮಾವ," ಎಂದ.

ಆಂಕೆತಿಲ್ ಗೋಡೆಗೆ ಬೆನ್ನು ಕೊಟ್ಟು ಮೆಲ್ಲಗೆ ಕುಳಿತುಕೊಂಡ. ನಾವಿದ್ದ ಕಿಂಡಿಯಿಂದ ಅವನ ಬೋಳುತಲೆ, ಮೊಣಕಾಲ ಮೇಲಿಟ್ಟ ಎರಡೂ ಕೈ, ಎಲ್ಲ ಸ್ಪಷ್ಟವಾಗಿ ಕಾಣುತ್ತಿತ್ತು.