ಹರಕೆಯ ಗಂಟಿನಲ್ಲಿದ್ದ ಕೀ

"ಕೋರ್ಟ್ ಕಮಿಷನರ್ ಹನ್ನೊಂದಕ್ಕೆ ಬರ್ತಾರೆ. ಗಾಡಿ ಸ್ಟಾರ್ಟ್ ಮಾಡಿ ತೋರಿಸ್ಬೇಕು. ನೀವು ನೋಡಿದ್ರೆ ಕೀ ಇಲ್ಲ ಅಂತೀರಲ್ಲ, ಏಕಾಂತಪ್ಪನೋರೆ!"

"ಇಲ್ಲ ಅಂತಲ್ಲ ಮೇಡಂ. ಇದೆ. ದೇವ್ರ ಹತ್ರ ಇದೆ."

ನಾನು ವಕೀಲ ರಮಾಕಾಂತರ ಜೂನಿಯರ್. ಮೂಡಿಗೆರೆಯಿಂದ ಮೊದಲ ಬಸ್ಸು ಹಿಡಿದು ಸಂಸೆಗೆ ಬಂದಿದ್ದೆ. ಏಕಾಂತಪ್ಪ ನಮ್ಮ ಕಕ್ಷಿದಾರರು. ಕಂತಿನ ಮೇಲೆ ಪಿಕಪ್ ಕೊಂಡು ಎಸ್ಟೇಟುಗಳ ಕಾಫಿ ಮೂಟೆ ಸಾಗಿಸುವವರು. ಎರಡು ಕಂತು ತಪ್ಪಿದ್ದಕ್ಕೆ ಫೈನಾನ್ಸ್ ಕಂಪನಿಯವರು ನೋಟಿಸನ್ನೂ ಕೊಡದೆ ಮೂವರನ್ನು ಕಳಿಸಿ ಗಾಡಿ ಎಳೆದೊಯ್ಯಲು ನೋಡಿದ್ದರು. ನಾವು ತಡೆಯಾಜ್ಞೆ ಕೇಳಿದೆವು. ಗಾಡಿಯನ್ನು ಬಿಚ್ಚಿ ಬಿಡಿಭಾಗ ಮಾರಿದ್ದಾರೆಂದು ಕಂಪನಿ ವಾದಿಸಿತು. ನ್ಯಾಯಾಧೀಶರು ಷರತ್ತಿನ ಮೇಲೆ ತಾತ್ಕಾಲಿಕ ತಡೆಯಾಜ್ಞೆ ಕೊಟ್ಟರು. ತಪ್ಪಿದ ಕಂತುಗಳನ್ನು ಕೋರ್ಟಿನಲ್ಲಿ ಠೇವಣಿ ಇಡಬೇಕು, ಗಾಡಿ ಓಡುವ ಸ್ಥಿತಿಯಲ್ಲಿದೆಯೆಂದು ಈ ದಿನ ಕೋರ್ಟು ಕಳಿಸುವ ಕಮಿಷನರ್ ಎದುರು ತೋರಿಸಬೇಕು. ತಪ್ಪಿದರೆ ಆದೇಶ ತಾನಾಗಿ ರದ್ದು, ಗಾಡಿ ಕಂಪನಿಗೆ. ಠೇವಣಿ ಕಟ್ಟಿ ಆಗಿತ್ತು.

ಕೀ ಮಾತ್ರ ಏಕಾಂತಪ್ಪನವರ ತಾಯಿ ರಂಗಮ್ಮನವರ ಹರಕೆಯ ಗಂಟಿನಲ್ಲಿತ್ತು. ಆ ಮೂವರು ಬಂದುಹೋದ ದಿನವೇ ಅವರು ಅದನ್ನು ಅರಿಶಿನದ ಬಟ್ಟೆಯಲ್ಲಿ ಕಟ್ಟಿ, ಕೇಸು ಗೆಲ್ಲುವವರೆಗೆ ಬಿಚ್ಚುವುದಿಲ್ಲವೆಂದು ವೀರಭದ್ರನಿಗೆ ಹೇಳಿಕೊಂಡು, ದೇವರಗೂಡಿನ ಮೊಳೆಗೆ ನೇತುಹಾಕಿದ್ದರು. ಅಂದಿನಿಂದ ಗಾಡಿ ಅಂಗಳ ಬಿಟ್ಟು ಕದಲಿರಲಿಲ್ಲ. ಇನ್ನೊಂದು ಕೀ ಸಾಲ ಕೊಟ್ಟ ದಿನದಿಂದ ಕಂಪನಿಯ ಬಳಿ, ಅವರು ತರುವುದುಂಟೆ? ಚಿಪ್ ಇರುವ ಕೀ, ಹೊಸದು ಮಾಡಿಸಲು ಹದಿನೈದು ದಿನ ಬೇಕು.

ನನ್ನಜ್ಜಿಯ ಕತೆಯ ರಾಕ್ಷಸ ತನ್ನ ಪ್ರಾಣವನ್ನು ಏಳು ಸಮುದ್ರದಾಚೆಯ ಗಿಣಿಯೊಂದರಲ್ಲಿ ಬಚ್ಚಿಟ್ಟಿರುತ್ತಿದ್ದ. ದೇವರಗೂಡಿನ ಮುಂದೆ ನಿಂತಾಗ ಆ ಹಳದಿ ಗಂಟು ಒಂದು ಸಲ ಮಿಸುಕಾಡಿದಂತೆ ಕಂಡಿತು. ಗಡಿಯಾರ ಹತ್ತೂಕಾಲು ತೋರಿಸುತ್ತಿತ್ತು.

"ಅವ್ವಾ, ಬಿಚ್ಚು. ದೇವ್ರಿಗೆ ತಪ್ಪುಕಾಣಿಕೆ ಹಾಕಿದ್ರಾಯ್ತು," ಎಂದರು ಏಕಾಂತಪ್ಪ.

"ಕಾಣಿಕೆ ಎತ್ತಿಟ್ಟು ಆಮೇಲೆ ತಪ್ಪು ಮಾಡೋನು ನೀನೊಬ್ನೇ ಕಣೋ. ಹಿಂಗೇ ಅಲ್ವಾ ಕಂತು ತಪ್ಪಿಸ್ಕೊಂಡಿದ್ದು?"

"ತಡೆಯಾಜ್ಞೆ ಸಿಕ್ಕಿದೆಯಲ್ಲ ರಂಗಮ್ಮನೋರೆ, ಗೆದ್ದ ಹಾಗೇ," ಎಂದೆ ನಾನು.

"ಗೆದ್ದ ಹಾಗೆ ಅಂದ್ರೆ ಗೆದ್ದಂಗಲ್ಲ, ಲಾಯರಮ್ಮ. ನೀವೇ ಇವ್ನಿಗೆ ಇದು ತಾತ್ಕಾಲಿಕ ಅಂದಿದ್ರಂತೆ."

ನಾನು ಆದೇಶದ ಪ್ರತಿ ತೆಗೆದು, ಇಂಗ್ಲಿಷಿನಲ್ಲಿದ್ದುದನ್ನು ಕನ್ನಡ ಮಾಡುತ್ತ ಓದತೊಡಗಿದೆ. ಅವರು ಗೋಡೆಗೊರಗಿ ಕೂತು ಕತೆ ಕೇಳುವವರಂತೆ ಹೂಂಗುಟ್ಟುತ್ತಿದ್ದರು. ಠೇವಣಿಯ ಮಾತು ಬಂದಾಗ ಹೂಂಗುಟ್ಟುವುದು ನಿಂತಿತು.

"ಅಂದ್ರೆ ಜಡ್ಜ್ ಸಾಹೇಬ್ರು ಇವ್ನನ್ನ ಪೂರ್ತಿ ನಂಬ್ಲಿಲ್ಲ. ಏನೋ ಒಂದು ಇಟ್ಕೊಂಡು ಬಿಟ್ರು."

"ಹೌದು."

"ಕೇಸು ಮುಗಿಯೋ ತನಕ ಅದು ಅಲ್ಲೇ ಇರುತ್ತಾ?"

"ಅಲ್ಲೇ ಇರುತ್ತೆ."

ಅವರು ಎದ್ದು ಬಚ್ಚಲಿಗೆ ಹೋದರು. ಇಣುಕಿದರೆ, ಮೂಗಿಗೆ ಸೋಪು ಹಚ್ಚಿಕೊಂಡು ಮೂಗುಬೊಟ್ಟನ್ನು ತಿರುವುತ್ತಿದ್ದರು. ಮದುವೆಯಲ್ಲಿ ಹಾಕಿದ್ದು, ಒಮ್ಮೆಯೂ ತೆಗೆದಿರಲಿಲ್ಲವಂತೆ. ತಿರುಪು ಜಗ್ಗಲಿಲ್ಲ. ಕೊಬ್ಬರಿ ಎಣ್ಣೆ ಬಿಟ್ಟೆ. ಅವರ ಕಣ್ಣಲ್ಲಿ ನೀರು ಬಂತು, ಬೊಟ್ಟು ಬರಲಿಲ್ಲ.

ಅಷ್ಟರಲ್ಲಿ ಅಂಗಳದಲ್ಲಿ ಜೀಪು ನಿಂತಿತು. ಕಮಿಷನರ್ ಚೌಡಯ್ಯನವರು ಇಳಿದರು, ಹಿಂದೆಯೇ ಕಂಪನಿಯ ದರ್ಶನ್. ಚೌಡಯ್ಯನವರು ಪಿಕಪ್ಪಿನ ಬಾನೆಟ್ ಮೇಲೆ ಕಾಗದ ಹರಡಿ, ಚಾಸಿ ನಂಬರ್ ಬರೆದುಕೊಂಡು, "ಸ್ಟಾರ್ಟ್ ಮಾಡ್ರೀ," ಎಂದರು.

"ಸರ್, ಹತ್ತು ನಿಮಿಷ," ಎಂದೆ.

"ಇಂಜಿನ್ ಇದ್ರೆ ತಾನೇ ಸರ್ ಸ್ಟಾರ್ಟ್ ಆಗೋದು," ಎಂದ ದರ್ಶನ್. ಒಳಗಿನಿಂದ ಗಂಟೆಯ ಸದ್ದು ಕೇಳಿತು. "ಗಾಡಿ ಕೀ ತರೋಕೂ ಮಂಗಳಾರತಿನಾ?"

"ಹೌದಪ್ಪ," ಎನ್ನುತ್ತ ರಂಗಮ್ಮ ಹೊರಬಂದರು. ಮೂಗು ಕೆಂಪಾಗಿ ಊದಿತ್ತು. ಕೈಯಲ್ಲಿ ಅರಿಶಿನ ಮೆತ್ತಿದ ಕೀ. ಮೂಗುಬೊಟ್ಟು ಕಡೆಗೂ ಕಳಚಿ, ಕೀಯ ಬದಲಿಗೆ ದೇವರ ಠೇವಣಿಯಾಗಿ ಗಂಟಿನೊಳಗೆ ಸೇರಿತ್ತು.

ಇಷ್ಟು ದಿನ ನಿಂತ ಗಾಡಿ. ಮೊದಲ ಸಲ ಗೊರಗೊರ ಎಂದು ನಿಂತಿತು. ಎರಡನೆಯ ಸಲವೂ ಅಷ್ಟೇ. ದರ್ಶನ್ ಮೊಬೈಲಿನಲ್ಲಿ ವಿಡಿಯೊ ಮಾಡತೊಡಗಿದ. ಮೂರನೆಯದಕ್ಕೆ ಹೊತ್ತಿಕೊಂಡು ಅಂಗಳದ ತುಂಬ ಹೊಗೆ ಕಾರಿತು. ಏಕಾಂತಪ್ಪ ಗೇಟಿನವರೆಗೆ ಓಡಿಸಿ ತಂದರು. ಚೌಡಯ್ಯನವರು ಓಡುವ ಸ್ಥಿತಿಯಲ್ಲಿದೆ ಎಂದು ಬರೆದು ಎಲ್ಲರ ಸಹಿ ಹಾಕಿಸಿಕೊಂಡು ಹೊರಟರು.

ನನ್ನನ್ನು ಬಸ್‌ಸ್ಟ್ಯಾಂಡಿಗೆ ಬಿಡಲು ಏಕಾಂತಪ್ಪ ಪಿಕಪ್ ತಿರುಗಿಸುತ್ತಿದ್ದರು. ರಂಗಮ್ಮ ಹೊಸ ಪೊರಕೆಯಿಂದ ಒಂದು ಕಡ್ಡಿ ಮುರಿದು, ಎಣ್ಣೆ ಸವರಿ, ಮೂಗಿನ ತೂತಿಗೆ ಸಿಕ್ಕಿಸಿಕೊಂಡರು.

"ಮುಚ್ಚಿ ಹೋಗ್ಬಾರ್ದಲ್ಲ. ಕೇಸು ಯಾವಾಗ ಮುಗಿಯುತ್ತೆ ಲಾಯರಮ್ಮ?"

"ಮುಂದಿನ ವಾಯಿದೆ ಇಪ್ಪತ್ತೆಂಟಕ್ಕೆ," ಎಂದೆ.

ಅವರು ನನ್ನ ಮುಖವನ್ನೇ ನೋಡಿದರು. ಆಮೇಲೆ ಪೊರಕೆಯಿಂದ ಇನ್ನೂ ನಾಲ್ಕು ಕಡ್ಡಿ ಮುರಿದು ಜಗಲಿಯ ಗೋಡೆಗೂಡಿನಲ್ಲಿ ಎತ್ತಿಟ್ಟರು.