ಹಿಡಿಸದ ಎರಡು ಸಾಲು

ಅಚ್ಚುಕೂಟದಲ್ಲಿ ಅವಳ ಕೆಲಸ ಪುಟ ಕಟ್ಟುವುದು. ಸಂಪಾದಕರು ಕಳಿಸಿದ ಬರಹವನ್ನು ಕಂಪ್ಯೂಟರಿನಲ್ಲಿ ಹರವಿ, ಒಂದು ಸಾಲೂ ಅನಾಥವಾಗಿ ಮುಂದಿನ ಪುಟಕ್ಕೆ ಜಾರದಂತೆ ಕೂರಿಸಬೇಕು. ಶಾಲೆಯನ್ನು ಅರ್ಧಕ್ಕೆ ಬಿಟ್ಟವಳಾದರೂ ಕೈ ಚುರುಕು. ಬಾಯಿಗೆ ಮಾತ್ರ ಬೀಗ. ಬಾಯಿ ಬಿಟ್ಟರೆ ಹೊಳೆಯಾಚೆಯವಳು ಎಂದು ಗೊತ್ತಾಗಿಬಿಡುತ್ತದೆಂಬ ಭಯ.

ಹೊಳೆಯಾಚೆಯ ಮಾತೆಂದರೆ ಅಲ್ಲಿ ನಗೆಪಾಟಲು. ಮುಖಪುಟದ ಚಿತ್ರ ಬರೆಯುವವನನ್ನು ಎಲ್ಲರೂ ಬಣ್ಣ ಎಂದೇ ಕರೆಯುತ್ತಿದ್ದರು. ಅವನು ಚಹಾದ ಹೊತ್ತಿಗೆ ಒಂದೊಂದು ಪದದ ಬಾಲವನ್ನೂ ಎಳೆದೆಳೆದು ಆ ಜನರನ್ನು ಅಣಕಿಸುತ್ತಿದ್ದ. ಎಲ್ಲರಿಗಿಂತ ಮೊದಲು ನಗುತ್ತಿದ್ದವಳು ಅವಳೇ.

ಆ ವರ್ಷ ದೇಶದ ಕಾವ್ಯವನ್ನೆಲ್ಲ ಒಟ್ಟುಮಾಡಿದ ದೊಡ್ಡ ಪುಸ್ತಕದ ಕೆಲಸ ಬಂತು. ಮುನ್ನುಡಿಯಲ್ಲಿ 'ಎಲ್ಲ ಮೂಲೆಗಳ ದನಿ' ಎಂದಿತ್ತು. ಹೊಳೆಯಾಚೆಗೆ ಸಿಕ್ಕಿದ್ದು ಕಟ್ಟಕಡೆಯ ಒಂದು ಪುಟ. ಅದರ ಮೇಲೆ 'ಕೆಲಸದ ಹಾಡು, ಕಟ್ಟಿದವರು ಗೊತ್ತಿಲ್ಲ' ಎಂಬ ತಲೆಬರಹ.

ಓದಿದ ಕೂಡಲೇ ಅವಳ ಕಿವಿ ಬಿಸಿಯಾಯಿತು. 'ದೊರೆ ಅಂಗಿ ಬಿಟ್ಟ ಸುಕ್ಕು ನನ್ನ ಮೈಗೆ ಬಂತು' ಎಂಬ ಸಾಲನ್ನು ಅವಳು ತೊಟ್ಟಿಲಲ್ಲೇ ಕೇಳಿದ್ದಳು. ಅವಳನ್ನು ಸಾಕಿದ ಚಿಕ್ಕಮ್ಮನ ಹಾಡು ಅದು. ಚಿಕ್ಕಿ ಆಸ್ಪತ್ರೆಯ ಬಟ್ಟೆಗಳಿಗೆ ಇಸ್ತ್ರಿ ಹಾಕುವವಳು. ಮೇಜು ಎತ್ತರ, ತಾನು ಗಿಡ್ಡ, ಹಾಗಾಗಿ ಮಣೆ ಹತ್ತಿ ನಿಲ್ಲುತ್ತಿದ್ದಳು. ಇಸ್ತ್ರಿ ಮನೆಯ ಹೆಂಗಸರೆಲ್ಲ ಹಾಡುವ ಆ ಹಾಡಿನ ಕೊನೆಗೆ ತನ್ನ ಗುರುತನ್ನೂ ಹೊಲಿದಿದ್ದಳು:

ಕೇಳ್ದೋರ್ಗೆ ಹೇಳ್ರೇ ಅಕ್ಕ, ಹಾಡು ಯಾರ್ದು ಅಂತ,
ಮಣೆ ಹತ್ತಿ ಇಸ್ತ್ರಿ ಹಾಕೋ ಕುಳ್ಳಿ ಕಟ್ಟಿದ್ದಂತ.

ಪುಟಕ್ಕೆ ಹಿಡಿಸದೆ ಮುಂದಕ್ಕೆ ಜಾರಿದ್ದು ಆ ಎರಡೇ ಸಾಲು. ಪುಸ್ತಕ ಅಚ್ಚಾಗುವುದು ಹದಿನಾರು ಹದಿನಾರು ಪುಟದ ಕಂತೆಗಳಲ್ಲಿ. ಎರಡು ಸಾಲಿಗಾಗಿ ಇನ್ನೊಂದು ಕಂತೆ ಸೇರಿಸುವಂತಿಲ್ಲ.

ಸಂಪಾದಕರು ಅವಳ ಹಿಂದೆ ಬಂದು ನಿಂತರು. "ಆ ಎರಡನ್ನ ತೆಗೆದುಬಿಡಮ್ಮ. ಯಾರೂ ಬಂದು ಕೇಳಲ್ಲ."

"ಯಾವ ಕುಳ್ಳಿ ಸಾರ್ ಅದು? ಹುಡುಕಿಸಿ, ಸನ್ಮಾನ ಮಾಡೋಣ. ಮಣೆ ನಾನೇ ತರ್ತೀನಿ!" ಎಂದ ಬಣ್ಣ.

ಎಲ್ಲರೂ ನಕ್ಕರು. ಅವಳೂ ನಕ್ಕಳು.

ತಲೆಬರಹವನ್ನು ಕೊಂಚ ಮೇಲೆ ಸರಿಸಿದ್ದರೆ ಸಾಲುಗಳು ಹಿಡಿಸುತ್ತಿದ್ದವು. ಬೆಳಿಗ್ಗೆಯಷ್ಟೇ ರಾಜಧಾನಿಯ ಕವಿಯೊಬ್ಬರ ಉದ್ದ ಪದ್ಯಕ್ಕೆ ಅವಳೇ ಹಾಗೆ ಮಾಡಿದ್ದಳು, ಯಾರೂ ಹೇಳದೆಯೇ. ಆದರೆ ಈಗ ಮಾಡಿದರೆ ಯಾಕೆ ಎಂದು ಕೇಳುತ್ತಾರೆ. ಇದು ಹೆಸರು, ತೆಗೆಯಬಾರದು ಎನ್ನಬೇಕಾಗುತ್ತದೆ. ನಿನಗೆ ಹೇಗೆ ಗೊತ್ತು ಎನ್ನುತ್ತಾರೆ. ಬಣ್ಣ ಆಗಲೇ ಅವಳ ಮುಖ ನೋಡುತ್ತಿದ್ದ.

ಅವಳು ಸಾಲುಗಳನ್ನು ಅಳಿಸಿದಳು. ಪುಟ ಅಂದವಾಗಿ ಕೂತಿತು.

"ಭೇಷ್," ಎಂದರು ಸಂಪಾದಕರು.

ಪುಸ್ತಕ ಬಂದ ದಿನ ಇಸ್ತ್ರಿ ಮನೆಗೆ ಹೋಗದೆ ವಿಧಿಯಿರಲಿಲ್ಲ. ಅಲ್ಲಿನ ಹೆಂಗಸರ ಬಾಯಿಂದ ಹಾಡನ್ನು ಬರೆದುಕೊಂಡು ಹೋಗಿದ್ದ ಪ್ರೊಫೆಸರರು ಅವರಿಗೆ ಮೊದಲೇ ಸುದ್ದಿ ಮುಟ್ಟಿಸಿದ್ದರು. ಬಿಸಿ ಬಟ್ಟೆಯ ವಾಸನೆಯ ನಡುವೆ ಹೆಂಗಸರು ಕೈ ಒರೆಸಿಕೊಂಡು ಸುತ್ತ ನೆರೆದರು.

"ಏ ಕುಳ್ಳಿ, ಇನ್ಮೇಲೆ ನಿನ್ನ ಮಾತಾಡಿಸೋಕೂ ಚೀಟಿ ತಗೋಬೇಕೇನೇ?"

"ನಿನಗೆ ಬಿಟ್ಟಿ ಕಣೇ, ಸುಮ್ನೆ ಕೇಳು," ಎಂದ ಚಿಕ್ಕಿ ಅವಳ ಕಡೆ ತಿರುಗಿದಳು. "ಓದು ಗುಬ್ಬಿ."

ಅವಳು ಓದಿದಳು. ಮೊದಮೊದಲು ಬಿಗಿದುಕೊಂಡಿದ್ದ ನಾಲಗೆ ಎರಡನೆಯ ನುಡಿಗೆ ತಾನೇ ಸಡಿಲವಾಯಿತು. ಬಾಲ ಎಳೆದು ಹಾಡಿದಂತೆಯೇ ಓದಿದಳು. ಹೆಂಗಸರು ದನಿಗೂಡಿಸಿದರು. ಪುಟ ಮುಗಿಯಿತು, ಅವಳು ನಿಂತಳು. ಅವರು ನಿಲ್ಲಲಿಲ್ಲ. ಮಣೆ ಹತ್ತಿ ಇಸ್ತ್ರಿ ಹಾಕೋ ಕುಳ್ಳಿಯವರೆಗೂ ಹಾಡಿ, ಆಮೇಲೆ ಅವಳ ಮುಖ ನೋಡಿದರು.

"ಅದನ್ನ ಯಾಕೆ ಓದ್ಲಿಲ್ಲ?"

"ಅದು... ಇದ್ರಲ್ಲಿ ಇಲ್ಲ."

ಚಿಕ್ಕಿ ಪುಸ್ತಕ ತೆಗೆದುಕೊಂಡಳು. ಓದಲು ಬಾರದಿದ್ದರೂ ಪುಟದ ಕೆಳಗಿನ ಖಾಲಿ ಅಂಚಿನ ಮೇಲೆ ಬೆರಳಾಡಿಸಿದಳು. "ಜಾಗ ಸಾಲ್ದೆ ಹೋಯ್ತೇನೋ. ದೇಶದೋರ್ದೆಲ್ಲ ಹಿಡಿಸ್ಬೇಕಲ್ಲ." ತಲೆಯೆತ್ತಿ ಕೇಳಿದಳು, "ಈ ಪುಟ ನೀನು ಕಟ್ಟಿದ್ದಾ?"

"ಅಲ್ಲ ಚಿಕ್ಕಿ. ಬೇರೆಯವರು."

"ಹಂಗನ್ನು ಮತ್ತೆ!" ಚಿಕ್ಕಿಯ ಮುಖ ಅರಳಿತು. ಹೆಂಗಸರ ಕಡೆ ತಿರುಗಿ ಹೆಮ್ಮೆಯಿಂದ ಹೇಳಿದಳು, "ನಮ್ ಗುಬ್ಬಿ ಕಟ್ಟಿದ್ರೆ ಬಿಡ್ತಿದ್ಲಾ?"

ಅವಳಿಗೆ ಅಲ್ಲಿ ನಿಲ್ಲಲೂ ಆಗಲಿಲ್ಲ, ಹೋಗಲೂ ಆಗಲಿಲ್ಲ. ಇಸ್ತ್ರಿಯಾದ ಆಸ್ಪತ್ರೆಯ ಹೊದಿಕೆಗಳನ್ನು ಮಡಿಸಿ ಜೋಡಿಸತೊಡಗಿದಳು.

ಚಿಕ್ಕಿ ಮಣೆ ಹತ್ತಿದಳು, ಇಸ್ತ್ರಿ ಎತ್ತಿಕೊಂಡು ಹಾಡು ಶುರುಮಾಡಿದಳು. ಉಳಿದವರೂ ಸೇರಿದರು. ಕೊನೆಯ ನುಡಿಗೆ ಅವರು ಬಾಯಿ ತೆರೆಯುವಷ್ಟರಲ್ಲಿ ಚಿಕ್ಕಿ ಕೈ ಅಡ್ಡ ಮಾಡಿದಳು.

"ಇಲ್ಲಿಗೆ ಸಾಕ್ರೇ. ಪುಸ್ತಕದಲ್ಲಿ ಇರೋದು ಇಷ್ಟೇ."